ಇಟ್ಟಿಗೆ ಮುಟ್ಟದೆ ಕೆಡವಿದ ಶಾಲೆಗಳು

ಆ ಪ್ಲಾಸ್ಟಿಕ್ ಚೀಲವನ್ನು ಎಲ್ಲಿ ಕಂಡರೂ ಗುರುತು ಹಿಡಿಯುತ್ತೇನೆ. ಗೌರಿಬಿದನೂರಿನಿಂದ ಬೆಂಗಳೂರಿಗೆ ಹೊರಡುವ ಬೆಳಗಿನ ರೈಲಿನಲ್ಲಿ, ಚಿಂತಾಮಣಿಯ ಬಸ್ ನಿಲ್ದಾಣದಲ್ಲಿ, ಶಿಡ್ಲಘಟ್ಟದಿಂದ ಚಿಕ್ಕಬಳ್ಳಾಪುರಕ್ಕೆ ಬರುವ ಬಸ್ಸಿನ ಕಿಟಕಿ ಪಕ್ಕ. ಯಾವುದೋ ಬಟ್ಟೆ ಅಂಗಡಿಯ ಹೆಸರು ಮಾಸಿಹೋದ ಚೀಲ. ಒಳಗೆ ಆಡಳಿತ ಮಂಡಳಿಯ ನಡಾವಳಿಯ ನಕಲು, ನೇಮಕಾತಿ ಆದೇಶ, ಬಿ.ಇಡಿ. ಅಂಕಪಟ್ಟಿ, ಹಾಜರಿ ಪುಸ್ತಕದ ಜೆರಾಕ್ಸು, ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಕಚೇರಿಯ ಮೊಹರು ಬಿದ್ದ ಹತ್ತಾರು ಮನವಿಗಳು, ಅವಕ್ಕೆ ಬಂದ ಒಂದೋ ಎರಡೋ ಹಿಂಬರಹ. ಬೆರಳು ತಾಗಿ ತಾಗಿ ಕಾಗದದ ಅಂಚೆಲ್ಲ ಕಪ್ಪಾಗಿರುತ್ತದೆ. ನಿದ್ದೆಹೋದ ಮಗುವನ್ನು ಹಿಡಿದ ಹಾಗೆ ಆ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಕೂತವರು ಅನುದಾನಿತ ಶಾಲೆಯ ಮೇಷ್ಟ್ರು. ಅಂದು ಅವರು ರಜೆ ಹಾಕಿರುತ್ತಾರೆ. ಅಂದು ಅವರ ತರಗತಿಯಲ್ಲಿ ಪಾಠವಿರುವುದಿಲ್ಲ.

ಅವರು ಕೇಳುವುದು ಎರಡೇ ಎರಡು. ನನ್ನ ನೇಮಕಾತಿಗೆ ಅನುಮೋದನೆ ಕೊಡಿ. ಪಾಠ ಮಾಡಿದ ವರ್ಷಗಳ ಸಂಬಳ ಕೊಡಿ. ಇಷ್ಟಕ್ಕಾಗಿ ಒಬ್ಬ ಮನುಷ್ಯನ ಹತ್ತು ಹದಿನೈದು ವರ್ಷ ಸವೆದುಹೋಗುತ್ತದೆ. ಕಚೇರಿಯವರು ಇದನ್ನು ವಿಳಂಬ ಎನ್ನುತ್ತಾರೆ. ನಾನು ಧ್ವಂಸ ಎನ್ನುತ್ತೇನೆ. ಜೆಸಿಬಿ ತಂದು ಶಾಲೆಯ ಗೋಡೆ ಒಡೆದರೆ ಊರು ಎದ್ದು ನಿಲ್ಲುತ್ತದೆ, ಟಿ.ವಿ.ಯವರು ಬರುತ್ತಾರೆ, ಶಾಸಕರು ಓಡೋಡಿ ಬರುತ್ತಾರೆ. ಒಂದು ಕಡತವನ್ನು ಏಳು ವರ್ಷ ಮೇಜಿನ ಮೇಲೆ ಮಲಗಿಸಿದರೆ ಅದೇ ಶಾಲೆ ಅಷ್ಟೇ ಖಂಡಿತವಾಗಿ ಬೀಳುತ್ತದೆ. ಆಗ ಯಾರೂ ಬರುವುದಿಲ್ಲ.

ಈ ಶಾಲೆಗಳು ಹುಟ್ಟಿದ್ದು ಹೇಗೆಂದು ಸಹಿ ಹಾಕುವ ಕುರ್ಚಿಯಲ್ಲಿ ಕೂತವರಿಗೆ ಯಾರಾದರೂ ನೆನಪು ಮಾಡಬೇಕು. ಎಚ್. ನರಸಿಂಹಯ್ಯನವರು ಗೌರಿಬಿದನೂರು ತಾಲ್ಲೂಕಿನ ಹೊಸೂರಿನವರು. ಹುಟ್ಟಿದ್ದು 1920ರಲ್ಲಿ, ಬಡವರ ಮನೆಯಲ್ಲಿ. ಮುಂದೆ ನ್ಯಾಷನಲ್ ಕಾಲೇಜಿನ ಪ್ರಾಂಶುಪಾಲರಾದರು, ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾದರು. ಹುಡುಗನಾಗಿದ್ದಾಗ ಅವರಿಗೆ ಓದಲು ಗೌರಿಬಿದನೂರಿನಲ್ಲಿ ಹೈಸ್ಕೂಲೇ ಇರಲಿಲ್ಲ. ರೈಲಿಗೆ, ಬಸ್ಸಿಗೆ ಕೊಡಲು ಕಾಸಿರಲಿಲ್ಲ. ಬೆಂಗಳೂರಿಗೆ ನಡೆದೇ ಹೋದರು, ಎರಡು ದಿನ. ಆ ನಡಿಗೆಯನ್ನು ಅವರು ಕೊನೆಯವರೆಗೆ ಮರೆಯಲಿಲ್ಲ. ಹೊಸೂರಿಗೆ ನ್ಯಾಷನಲ್ ಹೈಸ್ಕೂಲು, ಗೌರಿಬಿದನೂರಿಗೂ ಬಾಗೇಪಲ್ಲಿಗೂ ನ್ಯಾಷನಲ್ ಕಾಲೇಜು ಬಂದದ್ದು ಆ ನೆನಪಿನ ಬಲದಿಂದ. ತಮ್ಮ ಹಿಂದೆ ಬರುವ ಮಕ್ಕಳು ಓದುವುದಕ್ಕಾಗಿ ಅಷ್ಟು ದೂರ ನಡೆಯಬಾರದು ಎಂದು ಅವರು ಬಯಸಿದರು.

ಅವರಷ್ಟು ಹೆಸರಾಗದ ಎಷ್ಟೋ ಜನ ಈ ಸೀಮೆಯಲ್ಲಿ ಅದೇ ಕೆಲಸ ಮಾಡಿದರು. ಒಬ್ಬರು ಎರಡು ಎಕರೆ ಬಿಟ್ಟುಕೊಟ್ಟರು. ಇನ್ನೊಬ್ಬರು ಕಲ್ಲುಚಪ್ಪಡಿ ಹೊಡೆಸಿ ಕೊಟ್ಟರು. ಸುಗ್ಗಿಯಲ್ಲಿ ಮನೆಮನೆಗೆ ಹೋಗಿ ರಾಗಿ, ಕಡಲೆಕಾಯಿ ಎತ್ತಿದರು, ಅದನ್ನು ಮಾರಿ ಹೆಂಚು ತಂದರು. ಸರ್ಕಾರದ ಕೈಯಲ್ಲಿ ಹೋಬಳಿಗೊಂದು ಹೈಸ್ಕೂಲು ಕಟ್ಟುವ ಶಕ್ತಿ ಇರಲಿಲ್ಲ. ಆದ್ದರಿಂದ ಒಂದು ಮಾತುಕತೆ ಆಯಿತು: ಜಾಗ, ಕೊಠಡಿ, ಬೆಂಚು, ಬೋರ್ಡು ಊರಿನದು, ಮೇಷ್ಟ್ರ ಸಂಬಳ ಸರ್ಕಾರದ್ದು. ಅನುದಾನಿತ ಶಾಲೆ ಎಂದರೆ ಇದೇ ಕರಾರು. ಊರಿನವರು ತಮ್ಮ ಪಾಲನ್ನು ಅಂದೇ ತೀರಿಸಿದರು. ಕಟ್ಟಡಗಳು ಇವತ್ತೂ ನಿಂತಿವೆ, ಬೇಕಾದರೆ ಹೋಗಿ ನೋಡಬಹುದು.

ಸರ್ಕಾರ ತನ್ನ ಪಾಲನ್ನು ದಿನಾಂಕಗಳ ಮೂಲಕ ಕಳಚಿಕೊಳ್ಳುತ್ತ ಬಂತು. 1986-87ರ ಆಚೆ ಶುರುವಾದ ಶಾಲೆಗೆ ಅನುದಾನವಿಲ್ಲ ಎಂದಿತು. ವರ್ಷಗಟ್ಟಲೆ ಹೋರಾಡಿದ ಮೇಲೆ ಆ ಗಡಿ 1994-95ಕ್ಕೆ ಸರಿಯಿತು. 1995ರ ಈಚಿನ ಶಾಲೆಗಳ ಮೇಷ್ಟ್ರುಗಳು ಬೆಂಗಳೂರಿನ ಫ್ರೀಡಂ ಪಾರ್ಕಿನಲ್ಲಿ ಕೂತೆದ್ದದ್ದಕ್ಕೆ ಲೆಕ್ಕವಿಲ್ಲ. ಅನುದಾನಕ್ಕೆ ಒಳಪಟ್ಟ ಶಾಲೆಗಳಿಗಾದರೂ ನೆಮ್ಮದಿ ಉಂಟೇ? ನಿವೃತ್ತಿಯಿಂದ, ಸಾವಿನಿಂದ, ರಾಜೀನಾಮೆಯಿಂದ ತೆರವಾದ ಹುದ್ದೆಗಳನ್ನು ತುಂಬಬೇಕಾದರೆ ಅದಕ್ಕೂ ಒಂದು ದಿನಾಂಕ. ಬಹುಕಾಲ ಆ ಗೆರೆ 31-12-2015 ಆಗಿತ್ತು. ಅಂದರೆ ಗಣಿತದ ಮೇಷ್ಟ್ರು 2015ರ ಡಿಸೆಂಬರಿನಲ್ಲಿ ನಿವೃತ್ತರಾದರೆ ಅವರ ಜಾಗಕ್ಕೆ ಇನ್ನೊಬ್ಬರು ಬರಬಹುದು. ಮುಂದಿನ ತಿಂಗಳು, 2016ರ ಜನವರಿಯಲ್ಲಿ ನಿವೃತ್ತರಾದರೆ ಆ ಮಕ್ಕಳಿಗೆ ಗಣಿತ ಬೇಡ. ಹೀಗೆ ಗೆರೆ ಎಳೆಯುವಾಗ ಆ ಕೈಗೆ ಒಂದು ಕ್ಷಣವಾದರೂ ನಡುಕ ಬರಲಿಲ್ಲವೇ?

ಇದೇ ದೇಶದಲ್ಲಿ 2009ರ ಶಿಕ್ಷಣ ಹಕ್ಕು ಕಾಯ್ದೆ ಇದೆ. ಅದರ 26ನೇ ಕಲಮು ಸರ್ಕಾರಿ ಶಾಲೆಗೆ ಮಾತ್ರ ಸೀಮಿತವಲ್ಲ. ಸರ್ಕಾರದ ಹಣದಿಂದ ಗಣನೀಯವಾಗಿ ನಡೆಯುವ ಶಾಲೆಗಳಿಗೂ ಅನ್ವಯಿಸುತ್ತದೆ. ಅಂಥ ಶಾಲೆಯಲ್ಲಿ ಶಿಕ್ಷಕರ ಖಾಲಿ ಹುದ್ದೆ ಮಂಜೂರಾದ ಒಟ್ಟು ಸಂಖ್ಯೆಯ ಶೇ 10ನ್ನು ಮೀರಕೂಡದು ಎಂದು ಅದು ಹೇಳುತ್ತದೆ. ಹತ್ತು ಮೇಷ್ಟ್ರುಗಳಲ್ಲಿ ಒಬ್ಬರ ಜಾಗ ಖಾಲಿ ಇರಬಹುದು, ಇಬ್ಬರದಾದರೆ ಕಾನೂನು ಮುರಿದಂತೆ. ಒಂದು ಕೈಯಲ್ಲಿ ಈ ಕಾಯ್ದೆ, ಇನ್ನೊಂದು ಕೈಯಲ್ಲಿ ಹುದ್ದೆ ತುಂಬಬೇಡಿ ಎನ್ನುವ ಸುತ್ತೋಲೆ. ಒಂದನೆಯ ತರಗತಿಯಿಂದ ಎಂಟನೆಯವರೆಗಿನ ಪ್ರತಿ ಅನುದಾನಿತ ಶಾಲೆಯಲ್ಲೂ ಈ ಕಲಮಿಗೆ ಏನಾಯಿತೆಂದು ಕೇಳುವ ಹಕ್ಕು ನಮಗಿದೆ.

ಹುದ್ದೆ ಖಾಲಿ ಬಿದ್ದ ಮೇಲೆ ಏನಾಗುತ್ತದೆ ಎಂಬುದನ್ನು ಶಾಲೆಯ ಒಳಗಿದ್ದವರು ಬಲ್ಲರು. ಗಣಿತಕ್ಕೆ ಮೇಷ್ಟ್ರಿಲ್ಲ. ದೈಹಿಕ ಶಿಕ್ಷಣದವರು ಗಣಿತ ತೆಗೆದುಕೊಳ್ಳುತ್ತಾರೆ. ಎಸ್ಸೆಸ್ಸೆಲ್ಸಿ ಫಲಿತಾಂಶ ಇಳಿಯುತ್ತದೆ. ಇಳಿದದ್ದಕ್ಕೆ ಕಾರಣ ಕೇಳಿ ಇಲಾಖೆಯ ನೋಟಿಸು ಬರುತ್ತದೆ, ಅನುದಾನ ತಡೆಯುವ ಎಚ್ಚರಿಕೆಯೂ ಅದರಲ್ಲಿರುತ್ತದೆ. ಹೆತ್ತವರು ಸಾಲ ಮಾಡಿ ಮಗುವನ್ನು ಹಳದಿ ವ್ಯಾನು ಬರುವ ಶಾಲೆಗೆ ಸೇರಿಸುತ್ತಾರೆ. ಮಕ್ಕಳ ಸಂಖ್ಯೆ ಕುಗ್ಗುತ್ತದೆ. ಸಂಖ್ಯೆ ಕುಗ್ಗಿತೆಂದು ಉಳಿದ ಮೇಷ್ಟ್ರುಗಳಲ್ಲಿ ಒಬ್ಬರನ್ನು ‘ಹೆಚ್ಚುವರಿ’ ಎಂದು ಗುರುತಿಸುತ್ತಾರೆ. ಆಮೇಲೆ ಒಂದು ದಿನ, ‘ಮಕ್ಕಳಿಲ್ಲದ ಕಾರಣ’ ಎಂಬ ಒಕ್ಕಣೆಯೊಂದಿಗೆ ಶಾಲೆಯ ಬಾಗಿಲು ಮುಚ್ಚುತ್ತದೆ. ಆ ಒಕ್ಕಣೆ ಸುಳ್ಳು. ಮಕ್ಕಳು ಇದ್ದರು. ಮೇಷ್ಟ್ರನ್ನು ಕೊಡದೆ ಮಕ್ಕಳನ್ನು ಓಡಿಸಿ, ಆಮೇಲೆ ಮಕ್ಕಳಿಲ್ಲ ಎಂದು ಬರೆದುಕೊಂಡರು.

ಹೋಗಲು ಹಣವಿಲ್ಲದೆ ಅಲ್ಲೇ ಉಳಿದ ಮಕ್ಕಳು ಯಾರು? ಶಿಡ್ಲಘಟ್ಟದ ಫಿಲೇಚರುಗಳಲ್ಲಿ ಕುದಿನೀರಿಗೆ ಬೆರಳಿಟ್ಟು ನೂಲೆಳೆ ತೆಗೆಯುವ ತಾಯಂದಿರ ಮಕ್ಕಳು. ಚಿಕ್ಕಬಳ್ಳಾಪುರದ ತೋಟಗಳಲ್ಲಿ ನಸುಕಿಗೆ ಎದ್ದು ಹೂ ಬಿಡಿಸುವವರ ಮಕ್ಕಳು. ಚಿಂತಾಮಣಿಯ ಮಂಡಿಯಲ್ಲಿ ಮೂಟೆ ಹೊರುವವರ, ಟೊಮೆಟೊ ಕೀಳಲು ಕೂಲಿಗೆ ಹೋಗುವವರ ಮಕ್ಕಳು. ಮನೆಯಲ್ಲಿ ತೆಲುಗು, ಬೀದಿಯಲ್ಲಿ ಉರ್ದು, ಶಾಲೆಯಲ್ಲಿ ಕನ್ನಡ ಎಂದು ಮೂರು ನುಡಿಗಳನ್ನು ಒಂದೇ ನಾಲಗೆಯಲ್ಲಿ ತೂಗುವ ಮಕ್ಕಳು. ಇವರಿಗೆ ಟ್ಯೂಷನ್ ಇಲ್ಲ. ಮನೆಯಲ್ಲಿ ಓದಿಸುವವರಿಲ್ಲ. ಮೇಷ್ಟ್ರು ಬಿಟ್ಟರೆ ಇವರಿಗೆ ಬೇರೆ ದಾರಿಯೇ ಇಲ್ಲ.

ಶಾಲೆ ಉಳಿಯಲಿ ಎಂದು ಆಡಳಿತ ಮಂಡಳಿಯವರು ಜಾಹೀರಾತು ಕೊಟ್ಟು, ಸಂದರ್ಶನ ಮಾಡಿ, ಖಾಲಿ ಹುದ್ದೆಗೆ ಒಬ್ಬರನ್ನು ತೆಗೆದುಕೊಳ್ಳುತ್ತಾರೆ. ‘ಅನುಮೋದನೆ ಬಂದ ಮೇಲೆ ಸಂಬಳ, ಅಲ್ಲಿಯವರೆಗೆ ನಮ್ಮ ಕೈಲಾದದ್ದು’ ಎನ್ನುತ್ತಾರೆ. ಕೈಲಾದದ್ದು ಎಂದರೆ ಬಸ್ಸಿನ ಖರ್ಚಿಗೂ ಸಾಲದ ಮೊತ್ತ. ಮೇಷ್ಟ್ರು ಒಪ್ಪುತ್ತಾರೆ, ಆಸೆಯಿಂದ. ಪ್ರಸ್ತಾವನೆ ಬಿಇಒ ಕಚೇರಿಗೆ ಹೋಗುತ್ತದೆ, ಅಲ್ಲಿಂದ ಉಪನಿರ್ದೇಶಕರಿಗೆ, ಅಲ್ಲಿಂದ ಬೆಂಗಳೂರಿಗೆ, ಕೆಲವೊಮ್ಮೆ ಆರ್ಥಿಕ ಇಲಾಖೆಯ ಸಹಮತಿಗೆ. ಕಡತ ಮೇಲೆ ಹೋದಷ್ಟು ಸಲ ಕೆಳಗೆ ಬರುತ್ತದೆ. ಮೊದಲ ಸಲ: ಮೀಸಲಾತಿಯ ರೋಸ್ಟರ್ ಬಿಂದು ಸ್ಪಷ್ಟಪಡಿಸಿ. ಸ್ಪಷ್ಟಪಡಿಸಿ ಕಳಿಸಿದರೆ ಎಂಟು ತಿಂಗಳ ಮೇಲೆ: ಪತ್ರಿಕಾ ಪ್ರಕಟಣೆಯ ಮೂಲ ಪ್ರತಿ ಲಗತ್ತಿಸಿಲ್ಲ. ಲಗತ್ತಿಸಿದರೆ: ಹುದ್ದೆ ತೆರವಾದ ದಿನಾಂಕದ ಬಗ್ಗೆ ದೃಢೀಕರಣ ಬೇಕು. ಅದನ್ನೂ ಕೊಟ್ಟರೆ: ಪೂರ್ವಾನುಮತಿ ಪಡೆದಿರುವುದಿಲ್ಲ. ಈ ನಾಲ್ಕನ್ನೂ ಮೊದಲ ದಿನವೇ ಒಂದೇ ಹಾಳೆಯಲ್ಲಿ ಕೇಳಬಹುದಿತ್ತು. ಒಂದೊಂದಾಗಿ ಕೇಳುವುದರಿಂದ ಆರು ವರ್ಷ ಹೋಗುತ್ತದೆ, ಆ ಆರು ವರ್ಷ ಮೇಷ್ಟ್ರದ್ದು. ಕೇಳಿದವರ ಸಂಬಳ ಪ್ರತಿ ತಿಂಗಳೂ ಖಾತೆಗೆ ಬಿದ್ದಿರುತ್ತದೆ.

ಈಗ ಚಿಕ್ಕಬಳ್ಳಾಪುರ ಜಿಲ್ಲೆಯಲ್ಲಿರುವ ಈ ತಾಲ್ಲೂಕುಗಳು 2007ರವರೆಗೆ ಕೋಲಾರ ಜಿಲ್ಲೆಯವು. ಜಿಲ್ಲೆ ಒಡೆದಾಗ ಕಡತಗಳೂ ಮೂಟೆ ಕಟ್ಟಿಕೊಂಡು ಊರು ಬದಲಿಸಿದವು. ಹಳೆಯ ನೇಮಕಾತಿಗಳ ಮೇಷ್ಟ್ರುಗಳು ‘ಕಡತ ಲಭ್ಯವಿಲ್ಲ’ ಎಂಬ ಮಾತನ್ನು ಕೇಳಿದಾಗ ಅವರ ಎದೆಯಲ್ಲಿ ಏನಾಗುತ್ತದೆ ಎಂದು ಹೇಳುವುದು ನನ್ನಿಂದಾಗದು. ಗೆದ್ದಲು ತಿಂದದ್ದು ಕಾಗದವನ್ನು. ಆದರೆ ಆ ಕಾಗದದಾಚೆ ಆ ಮನುಷ್ಯ ದುಡಿದದ್ದಕ್ಕೆ ಬೇರೆ ಸಾಕ್ಷಿ ಇಲ್ಲ. ಇಲಾಖೆಯೇ ಇಟ್ಟುಕೊಳ್ಳಬೇಕಾದ ದಾಖಲೆಯನ್ನು ಇಲಾಖೆ ಕಳೆದುಹಾಕಿ, ಅದನ್ನು ತಂದುಕೊಡಿ ಎಂದು ಮೇಷ್ಟ್ರನ್ನೇ ಕೇಳುವುದು ಯಾವ ನ್ಯಾಯ?

ರೇಷ್ಮೆ ಹುಳು ನಾಲ್ಕು ಜ್ವರ ಎದ್ದು, ಚಂದ್ರಿಕೆ ಹತ್ತಿ, ಗೂಡು ಕಟ್ಟಿ ಮುಗಿಸುವುದಕ್ಕೆ ಒಂದು ತಿಂಗಳು ಸಾಕು. ಶಿಡ್ಲಘಟ್ಟದ ಸರ್ಕಾರಿ ಗೂಡಿನ ಮಾರುಕಟ್ಟೆಯಲ್ಲಿ ಆ ಗೂಡನ್ನು ಹರಾಜು ಹಾಕಿ, ತೂಗಿ, ಬೆಲೆ ಬರೆದು ಚೀಟಿ ಕೊಡುತ್ತಾರೆ. ಲೆಕ್ಕ ಅಂದಂದಿಗೇ ಆಗುತ್ತದೆ. ಬೆಲೆ ಬಿದ್ದರೆ ರೈತ ಕೂಗಾಡುತ್ತಾನೆ, ಕೂಗಾಡಬೇಕು ಕೂಡ. ಅದೇ ಊರಿನ ಶಾಲೆಯಲ್ಲಿ ಹತ್ತು ತಂಡದ ಮಕ್ಕಳನ್ನು ಎಸ್ಸೆಸ್ಸೆಲ್ಸಿ ದಾಟಿಸಿದ ಮೇಷ್ಟ್ರ ದುಡಿಮೆಯನ್ನು ಇನ್ನೂ ಯಾರೂ ತಕ್ಕಡಿಗೇ ಇಟ್ಟಿಲ್ಲ.

ಇನ್ನು ನ್ಯಾಯದ ಬಾಗಿಲುಗಳ ಮಾತು. ಕಾರ್ಖಾನೆಯ ಕೆಲಸಗಾರನಿಗೆ ಸಂಬಳ ಕೊಡದಿದ್ದರೆ ಕಾರ್ಮಿಕ ನ್ಯಾಯಾಲಯವಿದೆ. ಶಿಕ್ಷಕರು ‘ಕಾರ್ಮಿಕ’ ಎಂಬ ಅರ್ಥದೊಳಗೆ ಬರುವುದಿಲ್ಲ ಎಂದು 1988ರಲ್ಲಿ, ಗೋವಾದ ಶಿಕ್ಷಕಿಯೊಬ್ಬರ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆ ಬಾಗಿಲು ಅಂದೇ ಮುಚ್ಚಿತು. ಉಪಧನ, ಅಂದರೆ ಗ್ರಾಚ್ಯುಟಿ, ಅದೂ ಇಲ್ಲ ಎಂದು 2004ರಲ್ಲಿ ತೀರ್ಪಾಯಿತು. ಸಂಸತ್ತು 2009ರಲ್ಲಿ ತಿದ್ದುಪಡಿ ತಂದು 1997ರಿಂದಲೇ ಅದನ್ನು ಅನ್ವಯಿಸಿತು. ಖಾಸಗಿ ಶಾಲೆಗಳ ಮಾಲೀಕರು ಅದರ ವಿರುದ್ಧವೂ ಮೆಟ್ಟಿಲೇರಿದರು. ತಿದ್ದುಪಡಿ ಸರಿ ಎಂಬ ಕೊನೆಯ ಮಾತು ಬಂದದ್ದು 2022ರ ಆಗಸ್ಟಿನಲ್ಲಿ. ಒಂದು ಸಣ್ಣ ಇಡುಗಂಟಿಗಾಗಿ ಹದಿನೆಂಟು ವರ್ಷ.

ಕರ್ನಾಟಕದಲ್ಲಿ 1983ರ ಶಿಕ್ಷಣ ಕಾಯ್ದೆ ಇದೆ. ಹೆಸರಿನಲ್ಲಿ 1983, ಜಾರಿಯಾದದ್ದು 1995ರಲ್ಲಿ. ವಜಾ ಮಾಡಿದರೆ, ತೆಗೆದುಹಾಕಿದರೆ, ಹಿಂಬಡ್ತಿ ಕೊಟ್ಟರೆ 94ನೇ ಕಲಮಿನಡಿ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. ಮಣಿಪಾಲದ ಟಿ.ಎಂ.ಎ. ಪೈ ಪ್ರತಿಷ್ಠಾನದ ಮೊಕದ್ದಮೆಯಲ್ಲಿ 2002ರ ಅಕ್ಟೋಬರ್ 31ರಂದು ಸುಪ್ರೀಂ ಕೋರ್ಟಿನ ಹನ್ನೊಂದು ನ್ಯಾಯಮೂರ್ತಿಗಳ ಪೀಠ ಕೂಡ ಖಾಸಗಿ ಶಾಲೆ ಕಾಲೇಜುಗಳ ನೌಕರರಿಗೆ ಜಿಲ್ಲೆಯಲ್ಲೇ ಇಂಥ ನ್ಯಾಯಮಂಡಳಿ ಬೇಕೆಂದಿತು. ಆದರೆ ನಮ್ಮ ಮೇಷ್ಟ್ರನ್ನು ಯಾರೂ ವಜಾ ಮಾಡಿಲ್ಲ. ಅವರು ದಿನವೂ ಶಾಲೆಗೆ ಬರುತ್ತಾರೆ, ಹಾಜರಿ ಹಾಕುತ್ತಾರೆ, ಪಾಠ ಮಾಡುತ್ತಾರೆ. ಅನುಮೋದನೆ ಇಲ್ಲ, ಸಂಬಳ ಇಲ್ಲ, ಅಷ್ಟೆ. ಹೀಗೆ ಇದ್ದೂ ಇಲ್ಲದಂತಾದವರಿಗೆ ಉಳಿದದ್ದು ಹೈಕೋರ್ಟಿನ ರಿಟ್ ಅರ್ಜಿ. ಮೇಷ್ಟ್ರು ಚೀಲ ಹಿಡಿದು ರೈಲು ಹತ್ತುವುದು ಇದಕ್ಕೇ.

ಅಲ್ಲಿ ಸಿಗುವ ಆದೇಶವನ್ನು ನಾನು ಹಲವು ಬಾರಿ ಓದಿದ್ದೇನೆ. ಅರ್ಜಿದಾರರ ಮನವಿಯನ್ನು ಕಾನೂನಿನ ಪ್ರಕಾರ ಪರಿಗಣಿಸಿ, ಮೂರು ತಿಂಗಳೊಳಗೆ ಸೂಕ್ತ ಆದೇಶ ಹೊರಡಿಸತಕ್ಕದ್ದು. ಮೇಷ್ಟ್ರು ಊರಿಗೆ ಬಂದು ಮನೆಯವರಿಗೆ ‘ಗೆದ್ದೆವು’ ಎನ್ನುತ್ತಾರೆ. ನಾಲ್ಕನೇ ತಿಂಗಳೋ ಒಂಬತ್ತನೇ ತಿಂಗಳೋ ಹಿಂಬರಹ ಬರುತ್ತದೆ: ಪರಿಗಣಿಸಲಾಗಿದೆ, ನಿಯಮಾನುಸಾರ ಅವಕಾಶವಿರುವುದಿಲ್ಲ. ಹಿಂಬರಹವನ್ನು ಪ್ರಶ್ನಿಸಿ ಮತ್ತೊಂದು ಅರ್ಜಿ. ಅದನ್ನು ರದ್ದುಪಡಿಸಿ, ಪುನಃ ಪರಿಗಣಿಸಿ ಎಂದು ಮತ್ತೊಂದು ಆದೇಶ. ಪಾಲಿಸದಿದ್ದರೆ ನ್ಯಾಯಾಂಗ ನಿಂದನೆ ಹೂಡಬೇಕು, ಅದಕ್ಕೆ ಕಾಲಮಿತಿ ಒಂದು ವರ್ಷ. ನಿಂದನೆಯ ನೋಟಿಸು ತಲುಪಿದ ಮೇಲೆ ಸರ್ಕಾರ ಮೇಲ್ಮನವಿ ಹಾಕುತ್ತದೆ, ತಡವಾದುದನ್ನು ಮನ್ನಿಸಿ ಎಂದು ಕೇಳಿಕೊಳ್ಳುತ್ತದೆ. ಸರ್ಕಾರ ನೂರಾರು ದಿನ ತಡಮಾಡಿದರೆ ಕ್ಷಮಿಸಿ ಎಂದು ಕೇಳಬಹುದು. ಮೇಷ್ಟ್ರು ತಡಮಾಡಿದರೆ? ಅರ್ಜಿ ಹಾಕಿದ ದಿನದಿಂದ ಹಿಂದಕ್ಕೆ ಮೂರು ವರ್ಷದ ಬಾಕಿ ಮಾತ್ರ ಎಂಬ ತತ್ವ ಸುಪ್ರೀಂ ಕೋರ್ಟಿನ 2008ರ ತರ್ಸೇಮ್ ಸಿಂಗ್ ತೀರ್ಪಿನಲ್ಲಿದೆ. ನಾಳೆ ಆಗುತ್ತದೆ, ನಾಡಿದ್ದು ಆಗುತ್ತದೆ ಎಂದು ಕಚೇರಿಯವರ ಮಾತು ನಂಬಿ ಹತ್ತು ವರ್ಷ ಕಾದವನ ಏಳು ವರ್ಷದ ದುಡಿಮೆ ಹೀಗೆ ಬರಖಾಸ್ತಾಗುತ್ತದೆ. ನಂಬಿದ್ದೇ ಅವನ ತಪ್ಪಾಯಿತು.

ನ್ಯಾಯಮೂರ್ತಿಗಳನ್ನು ಕೈಮುಗಿದು ಕೇಳುತ್ತೇನೆ: ‘ಪರಿಗಣಿಸಿ’ ಎಂಬ ಆ ಒಂದು ಪದವನ್ನು ಮೇಷ್ಟ್ರ ಮೊಕದ್ದಮೆಗಳಲ್ಲಿ ಇನ್ನು ಬರೆಯಬೇಡಿ. ಹಾಜರಿ ಪುಸ್ತಕ ನಿಮ್ಮ ಮುಂದಿದೆ, ಮಂಜೂರಾದ ಹುದ್ದೆಯ ಆದೇಶ ನಿಮ್ಮ ಮುಂದಿದೆ. ಕೊಡಿ ಎಂದಾದರೂ ಬರೆಯಿರಿ, ಕೊಡಬೇಕಿಲ್ಲ ಎಂದಾದರೂ ಬರೆಯಿರಿ.

ಇದು ಇಂದಿನ ರೋಗವಲ್ಲ. ಕರ್ನಾಟಕದ ಖಾಸಗಿ ಅನುದಾನಿತ ಕಾಲೇಜುಗಳ ತಾತ್ಕಾಲಿಕ ಉಪನ್ಯಾಸಕರು, ಅವರನ್ನು ಆಗ ‘ಸ್ಟಾಪ್‌ಗ್ಯಾಪ್’ ಉಪನ್ಯಾಸಕರು ಎನ್ನುತ್ತಿದ್ದರು, ಸಂಘ ಕಟ್ಟಿಕೊಂಡು ಸುಪ್ರೀಂ ಕೋರ್ಟಿಗೆ ಹೋಗಿದ್ದರು. ಮೂರು ತಿಂಗಳಿಗೆ ನೇಮಕ, ಒಂದೆರಡು ದಿನ ಕೆಲಸದಿಂದ ಬಿಡುವು, ಮತ್ತೆ ಮೂರು ತಿಂಗಳಿಗೆ ನೇಮಕ. ಹೀಗೆ ವರ್ಷಗಟ್ಟಲೆ. ಸಂಬಳವೋ, ಆ ಹುದ್ದೆಯ ಕನಿಷ್ಠ ವೇತನಕ್ಕಿಂತ ಹತ್ತು ರೂಪಾಯಿ ಕಡಿಮೆ. ಆ ಹತ್ತು ರೂಪಾಯಿಯನ್ನು ಯೋಚಿಸಿ ನೋಡಿ. ಅದರಿಂದ ಖಜಾನೆಗೆ ಏನೂ ಉಳಿಯಲಿಲ್ಲ. ನೀನು ಪೂರ್ತಿ ಮೇಷ್ಟ್ರಲ್ಲ ಎಂದು ತಿಂಗಳಿಗೊಮ್ಮೆ ಮುಖಕ್ಕೆ ಹೇಳುವುದಕ್ಕಾಗಿಯೇ ಯಾರೋ ಕೂತು ಆ ಹತ್ತು ರೂಪಾಯಿ ಕಳೆದಿದ್ದರು. 1992ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಖಂಡಿಸಿ, ಅವರನ್ನು ಉಳಿಸಿಕೊಳ್ಳಿ ಎಂದಿತು. ಮೂವತ್ತು ವರ್ಷ ದಾಟಿದೆ. ಇವತ್ತು ಸರ್ಕಾರಿ ಶಾಲೆಗಳಲ್ಲೇ ಅತಿಥಿ ಶಿಕ್ಷಕರು ಹತ್ತು ಹನ್ನೆರಡು ಸಾವಿರಕ್ಕೆ ಪೂರ್ತಿ ಮೇಷ್ಟ್ರ ಕೆಲಸ ಮಾಡುತ್ತಾರೆ, ಬೇಸಿಗೆ ರಜೆ ಬಂದರೆ ಅದೂ ನಿಲ್ಲುತ್ತದೆ. ಮಾಸ್ತರಿಕೆಯನ್ನು ಅಗ್ಗ ಮಾಡುವುದನ್ನು ನಮ್ಮವರು ಚೆನ್ನಾಗಿ ಕಲಿತರು.

ಎಲ್ಲಕ್ಕಿಂತ ನನ್ನನ್ನು ಸುಡುವುದು 2014. ಅನುದಾನ ಸಿಗುವುದಕ್ಕೆ ಮುಂಚೆ ಅದೇ ಶಾಲೆಯಲ್ಲಿ, ಅದೇ ಹುದ್ದೆಯಲ್ಲಿ, ಬರಿಗೈಯಲ್ಲಿ ದುಡಿದ ವರ್ಷಗಳನ್ನೂ ವೇತನ, ಪಿಂಚಣಿಯ ಲೆಕ್ಕಕ್ಕೆ ತೆಗೆದುಕೊಳ್ಳಿ ಎಂದು ಮೇಷ್ಟ್ರುಗಳು ಕೇಳಿದ್ದರು. ಬಾಕಿ ಹಣ ಬೇಡ, ಆ ವರ್ಷಗಳನ್ನು ಕಾಗದದ ಮೇಲಾದರೂ ಎಣಿಸಿ ಎಂದರು. ಅದಕ್ಕೇ ಅದರ ಹೆಸರು ‘ಕಾಲ್ಪನಿಕ ವೇತನ’. ನ್ಯಾಯಾಲಯಗಳು ಮೇಷ್ಟ್ರುಗಳ ಪರ ತೀರ್ಪು ಕೊಟ್ಟವು. ಆಗ ಸರ್ಕಾರ ವಿಧಾನಮಂಡಲದಲ್ಲಿ ಹೊಸ ಕಾನೂನನ್ನೇ ಮಾಡಿತು, ಖಾಸಗಿ ಅನುದಾನಿತ ಶಿಕ್ಷಣ ಸಂಸ್ಥೆಗಳ ನೌಕರರ ವೇತನ, ಪಿಂಚಣಿ ಮತ್ತಿತರ ಸೌಲಭ್ಯಗಳನ್ನು ನಿಯಂತ್ರಿಸುವ 2014ರ ಕಾಯ್ದೆ. ಅನುದಾನಕ್ಕೆ ಮುಂಚಿನ ಸೇವೆ ಲೆಕ್ಕಕ್ಕಿಲ್ಲ, ಯಾವ ನ್ಯಾಯಾಲಯ ಏನೇ ಹೇಳಿದ್ದರೂ ಸರಿ ಎಂದು ಬರೆದುಕೊಂಡರು. ಹಳ್ಳಿಯ ಮೇಷ್ಟ್ರು ಸಾಲ ಮಾಡಿ, ವಕೀಲರಿಗೆ ಫೀಜು ಕೊಟ್ಟು, ಹತ್ತು ವರ್ಷ ಓಡಾಡಿ ಗೆದ್ದದ್ದನ್ನು ಒಂದು ಮಧ್ಯಾಹ್ನದ ಕಲಾಪದಲ್ಲಿ ಒರೆಸಿ ಹಾಕಿದರು. ಅದೇ ವಿಧಾನಮಂಡಲದ ಮೇಲ್ಮನೆಯಾದ ವಿಧಾನ ಪರಿಷತ್ತಿನಲ್ಲಿ ಶಿಕ್ಷಕರ ಕ್ಷೇತ್ರದಿಂದ ಗೆದ್ದು ಬರುವವರಿಗೆಂದೇ ಏಳು ಸ್ಥಾನಗಳಿವೆ. ನಮ್ಮ ಜಿಲ್ಲೆಯ ಮೇಷ್ಟ್ರುಗಳು ಆಗ್ನೇಯ ಶಿಕ್ಷಕರ ಕ್ಷೇತ್ರಕ್ಕೆ ಮತ ಹಾಕುತ್ತಾರೆ. ಚುನಾವಣೆ ಬಂದಾಗ ಶಾಲೆಯ ಅಂಗಳಕ್ಕೆ ಕಾರು ಬರುತ್ತದೆ, ಸ್ಟಾಫ್ ರೂಮಿನಲ್ಲಿ ಭರವಸೆಗಳ ಕರಪತ್ರ ಹಂಚುತ್ತಾರೆ. ಮತ ಎಣಿಸುವಾಗ ಮೇಷ್ಟ್ರು ಲೆಕ್ಕಕ್ಕೆ ಬರುತ್ತಾರೆ, ಸೇವೆ ಎಣಿಸುವಾಗ ಬರುವುದಿಲ್ಲ.

ಆಡಳಿತ ಮಂಡಳಿಗಳನ್ನೂ ನಾನು ಬಿಡುವುದಿಲ್ಲ. ಚಂದಾ ಎತ್ತಿ ಶಾಲೆ ಕಟ್ಟಿದ ಹಿರಿಯರು ಹೋದ ಮೇಲೆ ಕೆಲವು ಕಡೆ ಕುರ್ಚಿಗೆ ಬಂದವರು ಬೇರೆಯೇ ಜನ. ಅನುದಾನಿತ ಹುದ್ದೆ ಎಂದರೆ ಅವರಿಗೆ ಮಾರುವ ಸೈಟು. ‘ಕಟ್ಟಡ ನಿಧಿ’ ಎಂಬ ಹೆಸರಲ್ಲಿ ಲಕ್ಷಗಟ್ಟಲೆ ತೆಗೆದುಕೊಳ್ಳುತ್ತಾರೆ. ಹುಡುಗನ ಅಪ್ಪ ಜಮೀನು ಮಾರುತ್ತಾನೆ, ಅಮ್ಮನ ಕತ್ತಿನ ಸರ ಗಿರವಿಗೆ ಹೋಗುತ್ತದೆ. ರೋಸ್ಟರ್ ಬೇಕೆಂದೇ ತಪ್ಪಿಸಿ, ತಮಗೆ ಬೇಕಾದವರನ್ನು ಕೂರಿಸಿ, ತಪ್ಪು ಬಯಲಾದಾಗ ಮೇಷ್ಟ್ರ ಕಡೆ ಕೈ ತೋರಿಸುತ್ತಾರೆ. ಹೆಚ್ಚು ಮೊತ್ತಕ್ಕೆ ಸಹಿ ಹಾಕಿಸಿಕೊಂಡು ಕಡಿಮೆ ಕೈಗಿಡುವವರೂ ಇದ್ದಾರೆ. ಪರಿಶಿಷ್ಟರಿಗೆ ಮೀಸಲಾದ ಬಿಂದುವನ್ನು ನುಂಗಿದರೆ ಅದು ಕಾಗದದ ದೋಷವಲ್ಲ, ಒಬ್ಬ ದಲಿತ ಪದವೀಧರನ ಅನ್ನ ಕಸಿದದ್ದು. ಅಂಥ ಮಂಡಳಿಯ ಮೇಲೆ ಇಲಾಖೆ ಮೊಕದ್ದಮೆ ಹೂಡಲಿ, ಮಾನ್ಯತೆ ಕಸಿದುಕೊಳ್ಳಲಿ. ಆದರೆ ಇಲಾಖೆ ಮಾಡುವುದೇನು? ಮಂಡಳಿಗೆ ಒಂದು ನೋಟಿಸು ಕಳಿಸಿ ಸುಮ್ಮನಾಗುತ್ತದೆ. ಮಂಡಳಿಯ ಅಧ್ಯಕ್ಷರ ಮನೆಯಲ್ಲಿ ಒಲೆ ಆರುವುದಿಲ್ಲ. ಆರುವುದು ಮೇಷ್ಟ್ರ ಮನೆಯದೇ.

‘ಹಿಂಬಾಗಿಲ ನೇಮಕ’ ಎಂಬ ಮಾತನ್ನು ಸರ್ಕಾರಿ ವಕೀಲರು ಬಲು ಸುಲಭವಾಗಿ ಆಡುತ್ತಾರೆ, ಜೊತೆಗೆ ಉಮಾದೇವಿ ಪ್ರಕರಣವನ್ನು ಮುಂದಿಡುತ್ತಾರೆ. ಸುಪ್ರೀಂ ಕೋರ್ಟಿನ 2006ರ ಆ ತೀರ್ಪು ಹುಟ್ಟಿದ್ದು ಕರ್ನಾಟಕದ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರ ಮೊಕದ್ದಮೆಯಲ್ಲಿ. ಮಂಜೂರಾದ ಹುದ್ದೆಯಲ್ಲಿ ಹತ್ತು ವರ್ಷವೋ ಅದಕ್ಕೂ ಹೆಚ್ಚೋ ದುಡಿದವರನ್ನು ಒಮ್ಮೆ ಖಾಯಂ ಮಾಡಿ ಎಂಬ ಮಾತೂ ಅದರಲ್ಲೇ ಇದೆ. ಆ ಪ್ಯಾರಾ ಮಾತ್ರ ಅವರ ಬಾಯಿಗೆ ಬರುವುದಿಲ್ಲ. ದುಡಿಸಿಕೊಂಡವರ ಹಕ್ಕು ತಳ್ಳಿಹಾಕಲು ಆ ತೀರ್ಪನ್ನು ಆಯುಧ ಮಾಡಿಕೊಳ್ಳಬೇಡಿ ಎಂದು 2024ರ ಡಿಸೆಂಬರಿನಲ್ಲಿ ಜಗ್ಗೋ ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ ಹೇಳಬೇಕಾಯಿತು. ಅನುದಾನ ಮೂಲಭೂತ ಹಕ್ಕಲ್ಲ ಎಂದು 2021ರಲ್ಲಿ ಉತ್ತರ ಪ್ರದೇಶದ ಮೊಕದ್ದಮೆಯಲ್ಲಿ ತೀರ್ಪಾಗಿದೆ, ನಿಜ. ಅದು ಸಂಸ್ಥೆಗೆ ಹೇಳಿದ ಮಾತು. ಮಂಜೂರಾದ ಹುದ್ದೆಯಲ್ಲಿ ನಿಂತು ಪಾಠ ಮಾಡಿ ಮುಗಿಸಿದ ಮೇಷ್ಟ್ರು ಅನುದಾನ ಕೇಳುತ್ತಿಲ್ಲ, ಕೂಲಿ ಕೇಳುತ್ತಿದ್ದಾರೆ.

ಖಜಾನೆಯಲ್ಲಿ ಹಣವಿಲ್ಲ ಎಂಬುದು ಇನ್ನೊಂದು ಉತ್ತರ. ಕೊರೊನಾ ಕಾಲದಲ್ಲಿ ತಡೆಹಿಡಿದ ಸಂಬಳ, ಪಿಂಚಣಿಗೆ ಆಂಧ್ರಪ್ರದೇಶ ಸರ್ಕಾರ ಇದೇ ಉತ್ತರ ಕೊಟ್ಟಿತ್ತು. ಶೇ 6ರ ಬಡ್ಡಿ ಸೇರಿಸಿ ಕೊಡಿ ಎಂದು 2021ರ ಫೆಬ್ರುವರಿಯಲ್ಲಿ ಸುಪ್ರೀಂ ಕೋರ್ಟ್ ಆದೇಶಿಸಿತು. ಗಡಿಯಾಚೆ ಹಿಂದೂಪುರದ ನೌಕರನಿಗೆ ಸಿಗುವ ನ್ಯಾಯ ಗೌರಿಬಿದನೂರಿನ ಮೇಷ್ಟ್ರಿಗೆ ಯಾಕಿಲ್ಲ? ಮಧ್ಯೆ ಇರುವುದು ಒಂದು ಗಂಟೆಯ ರೈಲು ದಾರಿ ಕೂಡ ಅಲ್ಲ. 2025ರ ಆಗಸ್ಟಿನಲ್ಲಿ ಗುಜರಾತಿನ ಗುತ್ತಿಗೆ ಉಪನ್ಯಾಸಕರ ಪ್ರಕರಣದಲ್ಲಿ ಅದೇ ನ್ಯಾಯಾಲಯ ನೊಂದು ಮಾತಾಡಿತು. ಸಮಾರಂಭಗಳಲ್ಲಿ ಗುರುವನ್ನು ಹೊಗಳುವ ಶ್ಲೋಕ ಹೇಳಿದರೆ ಸಾಲದು, ನಾವು ಗುರುವನ್ನು ನಡೆಸಿಕೊಳ್ಳುವ ರೀತಿಯಲ್ಲೂ ಅದು ಕಾಣಬೇಕು ಎಂದಿತು. ಪ್ರತಿ ಸೆಪ್ಟೆಂಬರ್ 5ರಂದು ಶಾಲು ಹೊದಿಸುವ ಕೈಗಳು ಇದನ್ನು ಓದಬೇಕು.

ಏನು ಮಾಡಬೇಕೆಂದು ಕೇಳುವವರಿಗೆ ಉತ್ತರ ಕಷ್ಟದ್ದಲ್ಲ. ಪ್ರಸ್ತಾವನೆ ಬಂದ ಮೂವತ್ತು ದಿನದೊಳಗೆ ಇರುವ ಆಕ್ಷೇಪಣೆಗಳನ್ನೆಲ್ಲ ಒಂದೇ ಸಲ ಬರೆದು ಕೊಡಲಿ. ಆಮೇಲೆ ಹೊಸ ಆಕ್ಷೇಪಣೆ ಎತ್ತುವಂತಿಲ್ಲ. ತೊಂಬತ್ತು ದಿನದಲ್ಲಿ ತೀರ್ಮಾನವಾಗದಿದ್ದರೆ ಅನುಮೋದನೆ ಸಿಕ್ಕಿದಂತೆಯೇ ಎಂದು ನಿಯಮವಾಗಲಿ. ತಡಮಾಡಿದ ಅಧಿಕಾರಿ ದಿನಕ್ಕೆ 20 ರೂಪಾಯಿ ತೆರಬೇಕೆಂಬ ತತ್ವವನ್ನು ಈ ರಾಜ್ಯವೇ 2011ರ ಸಕಾಲ ಕಾಯ್ದೆಯಲ್ಲಿ ಒಪ್ಪಿಕೊಂಡಿದೆ. ಮೇಷ್ಟ್ರ ಸಂಬಳ ನಿಂತ ಪ್ರತಿ ದಿನಕ್ಕೂ ಅದನ್ನು ಕಡಿತ ಮಾಡಲಿ. ಹುದ್ದೆ ತುಂಬುವುದಕ್ಕೆ ಎಳೆದ ದಿನಾಂಕದ ಗೆರೆಗಳನ್ನು ಅಳಿಸಲಿ. 2014ರ ಕಾಯ್ದೆಯನ್ನು ವಾಪಸು ಪಡೆಯಲಿ. ಮಂಡಳಿ ತಪ್ಪು ಮಾಡಿದ್ದರೆ ದಂಡ ಮಂಡಳಿಗೆ ಬೀಳಲಿ, ಮೇಷ್ಟ್ರ ಸಂಬಳ ನಿಲ್ಲದಿರಲಿ.

ಇಷ್ಟರಲ್ಲಿ ಯಾವುದೂ ಆಗದೆ ವರ್ಷಗಳು ಉರುಳಿದಾಗ ಏನಾಗುತ್ತದೆ ಎಂಬುದನ್ನೂ ಹೇಳಿಬಿಡುತ್ತೇನೆ. ಮೂವತ್ತರಲ್ಲಿ ಸೇರಿದ ಮೇಷ್ಟ್ರಿಗೆ ನೋಡನೋಡುತ್ತ ಅರವತ್ತಾಗುತ್ತದೆ. ನಿವೃತ್ತಿಯ ದಿನ ಮಕ್ಕಳು ಹೂವಿನ ಹಾರ ಹಾಕುತ್ತಾರೆ. ಇಲಾಖೆಯ ಪುಸ್ತಕದಲ್ಲಿ ಆ ಹೆಸರಿನವರು ಯಾವತ್ತೂ ಸೇವೆಗೇ ಸೇರಿಲ್ಲ. ಮೊಕದ್ದಮೆ ಇನ್ನೂ ಬಾಕಿ. ಒಂದು ಮುಂಜಾನೆ ವಕೀಲರ ಗುಮಾಸ್ತರು ಫೋನು ಮಾಡಿ, ಮುಂದಿನ ತಾರೀಖಿಗೆ ಬನ್ನಿ ಸಾರ್ ಎಂದರೆ ಆ ಕಡೆಯಿಂದ ಮಗಳು ಮಾತಾಡುತ್ತಾಳೆ. ನ್ಯಾಯಾಲಯಕ್ಕೆ ಒಂದು ಜ್ಞಾಪನ ಪತ್ರ ಹೋಗುತ್ತದೆ. ಅರ್ಜಿಯ ಮೊದಲ ಪುಟದಲ್ಲಿ ಮೇಷ್ಟ್ರ ಹೆಸರಿನ ಮುಂದೆ ‘ಮೃತರು, ಅವರ ವಾರಸುದಾರರ ಮೂಲಕ’ ಎಂದು ಕೆಂಪು ಮಸಿಯಲ್ಲಿ ಸೇರಿಸುತ್ತಾರೆ. ಅದರ ಕೆಳಗೆ ಹೆಂಡತಿಯ ಹೆಸರು, ವಯಸ್ಸು. ಮಕ್ಕಳ ಹೆಸರು, ವಯಸ್ಸು. ಆ ಪ್ಲಾಸ್ಟಿಕ್ ಚೀಲ ಈಗ ಮಗಳ ತೊಡೆಯ ಮೇಲಿದೆ. ಅವಳೂ ಬಿ.ಇಡಿ. ಮುಗಿಸಿದ್ದಾಳೆ.